ಜಿಂಕೆಯನ್ನು ಕರೆಯುವ ಬಗೆ

ಹೊನ್ನಿನ ಮೈಯ ಜಿಂಕೆಯೊಂದು ಪಂಚವಟಿಯ ಪರ್ಣಕುಟಿಯ ಮುಂದೆ ಸುಳಿದು ಮನುಷ್ಯನನ್ನು ಮರುಳುಗೊಳಿಸಿದ ಕಥೆಯನ್ನು ಕೇಳದ ಮಗು ನಮ್ಮ ನಾಡಿನಲ್ಲಿಲ್ಲ. ಆ ಕಥೆಯಲ್ಲಿ ಜಿಂಕೆ ಸೆಳೆಯಿತು, ಮನುಷ್ಯ ಹಿಂಬಾಲಿಸಿದ. ಲೋಕದ ವ್ಯವಹಾರವಾದರೋ ಇದಕ್ಕೆ ತದ್ವಿರುದ್ಧ. ಮನುಷ್ಯನೇ ನಾನಾ ಉಪಾಯಗಳನ್ನು ಹೂಡಿ ಜಿಂಕೆಯನ್ನು ತನ್ನ ಬಳಿಗೆ ಸೆಳೆಯುತ್ತ ಬಂದಿದ್ದಾನೆ. ಒಂದು ಕಾಲದಲ್ಲಿ ಕೊಲ್ಲುವುದಕ್ಕಾಗಿ; ಇಂದು ಕಣ್ತುಂಬ ನೋಡುವುದಕ್ಕಾಗಿ.

ಮಕ್ಕಳ ರಜೆಯಲ್ಲಿ ಗುಂಡ್ಲುಪೇಟೆಯ ಮಾರ್ಗವಾಗಿ ಬಂಡೀಪುರಕ್ಕೆ ಹೋಗುವ ಕುಟುಂಬಗಳಲ್ಲಿ ಒಂದು ಪ್ರಶ್ನೆ ತಪ್ಪದೆ ಏಳುತ್ತದೆ. ಅರಣ್ಯ ಇಲಾಖೆಯ ಬಸ್ಸಿನಲ್ಲಿ ಕಾಡು ಸುತ್ತುವಾಗ ಮರಗಳ ನಡುವೆ ಚುಕ್ಕೆಗಳ ಮೈಯೊಂದು ಮಿಂಚಿ ಮರೆಯಾಗುತ್ತದೆ. “ಅಪ್ಪಾ, ಅದು ಇಲ್ಲಿಗೇ ಬರುವ ಹಾಗೆ ಮಾಡಲಾಗದೆ?” ಎಂದು ಮಗು ಕೇಳುತ್ತದೆ. ಹುಡುಗುತನದ ಪ್ರಶ್ನೆಯೆಂದು ಇದನ್ನು ತಳ್ಳಿಹಾಕುವಂತಿಲ್ಲ. ಬೇಡರೂ ಅರಸರೂ ಕೇಳಿಕೊಂಡ ಪ್ರಶ್ನೆಯೇ ಇದು. ಅದಕ್ಕೆ ಅವರು ಕಂಡುಕೊಂಡ ಉತ್ತರಗಳು ವಿಚಿತ್ರವಾಗಿವೆ. ಕೆಲವು ನಮ್ಮನ್ನು ನಾಚಿಸುವಂತೆಯೂ ಇವೆ.

ದೀವದ ಮಿಗ

ಹಳಗನ್ನಡ ಕಾವ್ಯಗಳ ಬೇಟೆಯ ವರ್ಣನೆಗಳನ್ನು ಓದಿದವರಿಗೆ ‘ದೀವ’ ಎಂಬ ಮಾತು ಪರಿಚಿತ. ಕಾಡಿನ ಮಿಗಗಳನ್ನು ನಂಬಿಸಿ ಹತ್ತಿರಕ್ಕೆ ಕರೆತರಲೆಂದು ಬೇಡರು ಪಳಗಿಸಿ ಇಟ್ಟುಕೊಂಡ ಮಿಗವೇ ದೀವ. ತನ್ನ ಜಾತಿಯದೇ ಪ್ರಾಣಿಯೊಂದು ನಿಶ್ಚಿಂತೆಯಿಂದ ನಿಂತಿರುವುದನ್ನು ಕಂಡು, ಅಲ್ಲಿ ಅಪಾಯವಿಲ್ಲವೆಂದು ಬಗೆದು ಕಾಡಿನ ಮಿಗ ಹತ್ತಿರ ಸರಿಯುತ್ತದೆ. ಪೊದೆಯ ಮರೆಯಲ್ಲಿದ್ದ ಬೇಡನ ಬಾಣಕ್ಕೆ ಗುರಿಯಾಗುತ್ತದೆ. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ 12ನೆಯ ಶತಮಾನದಲ್ಲಿ ರಚಿಸಿದ ‘ಮಾನಸೋಲ್ಲಾಸ’ವೆಂಬ ಸಂಸ್ಕೃತ ಗ್ರಂಥದಲ್ಲಿ ಬೇಟೆಯ ವಿನೋದಕ್ಕೆಂದೇ ಒಂದು ಭಾಗವಿದೆ. ಬೇಟೆ ಆಗ ಅರಸರು ಕಲಿತು ಅಭ್ಯಸಿಸಬೇಕಾದ ವಿದ್ಯೆಯಾಗಿತ್ತು.

ಮೊಗಲರ ಕಾಲದಲ್ಲಿ ಈ ಉಪಾಯ ಇನ್ನೊಂದು ರೂಪ ತಾಳಿತು. ಪಳಗಿದ ಗಂಡು ಕೃಷ್ಣಮೃಗದ ಕೊಂಬುಗಳಿಗೆ ಬಲೆಯನ್ನು ಬಿಗಿದು ಕಾಡಿನ ಹಿಂಡಿನ ಕಡೆಗೆ ಬಿಡುವ ಕ್ರಮವನ್ನು ಅಕ್ಬರನ ಆಳ್ವಿಕೆಯನ್ನು ಕುರಿತ ‘ಐನ್-ಇ-ಅಕ್ಬರಿ’ ವಿವರಿಸುತ್ತದೆ. ತನ್ನ ಎಲ್ಲೆಯೊಳಗೆ ಬಂದ ಎದುರಾಳಿಯನ್ನು ಓಡಿಸಲೆಂದು ಕಾಡಿನ ಗಂಡು ಕಾದಾಟಕ್ಕಿಳಿಯುತ್ತದೆ. ಅದರ ಕೊಂಬು ಬಲೆಗೆ ತೊಡಕಿಕೊಳ್ಳುತ್ತದೆ. ಒಂದು ಉಪಾಯದಲ್ಲಿ ಮಿಗದ ನಂಬಿಕೆಯೇ ಗಾಳ, ಇನ್ನೊಂದರಲ್ಲಿ ಅದರ ಅಭಿಮಾನವೇ ಗಾಳ.

ಉಪ್ಪಿನ ಋಣ

ಇವೆರಡಕ್ಕಿಂತ ಸುಲಭವಾದ ಉಪಾಯ ಉಪ್ಪು. ನಮ್ಮ ಅಡಿಗೆಮನೆಯಲ್ಲಿ ಅಗ್ಗವಾಗಿ ದೊರೆಯುವ ಈ ವಸ್ತು ಅಡವಿಯಲ್ಲಿ ದುರ್ಲಭ. ಹುಲ್ಲು ಸೊಪ್ಪುಗಳಲ್ಲಿ ಪೊಟ್ಯಾಸಿಯಂ ಹೇರಳವಾಗಿರುತ್ತದೆ. ಸೋಡಿಯಂ ಮಾತ್ರ ಅತ್ಯಲ್ಪ. ಮಾಂಸಾಹಾರಿಯಾದ ಹುಲಿಗೆ ತಾನು ತಿಂದ ಪ್ರಾಣಿಯ ರಕ್ತಮಾಂಸಗಳಲ್ಲಿಯೇ ಬೇಕಾದಷ್ಟು ಉಪ್ಪು ದೊರೆಯುತ್ತದೆ. ಹುಲ್ಲನ್ನೇ ನೆಚ್ಚಿದ ಜಿಂಕೆಗೆ ಆ ಅನುಕೂಲವಿಲ್ಲ. ಆದ್ದರಿಂದ ಖನಿಜಗಳು ಮೇಲೆದ್ದು ಬಂದಿರುವ ಮಣ್ಣನ್ನು ಹುಡುಕಿಕೊಂಡು ಹೋಗಿ ನೆಕ್ಕುತ್ತದೆ. ಮರಿಗೆ ಹಾಲೂಡುವ ಹೆಣ್ಣಿಗೆ ಖನಿಜಗಳ ಅಗತ್ಯ ಇನ್ನೂ ಹೆಚ್ಚು. ಗಂಡಿಗೋ ಪ್ರತಿಸಲವೂ ಉದುರಿಹೋಗುವ ಕವಲುಗೊಂಬನ್ನು ಮತ್ತೆ ಹೊಸದಾಗಿ ಬೆಳೆಸಿಕೊಳ್ಳುವ ಕಷ್ಟ. ಬಿದ್ದ ಕೊಂಬನ್ನೂ ಒಣಗಿದ ಮೂಳೆಯನ್ನೂ ಜಿಂಕೆಗಳು ಅಗಿಯುವುದುಂಟು. ಸುಣ್ಣ ಮತ್ತು ರಂಜಕಗಳ ಕೊರತೆಯನ್ನು ಅವು ನೀಗಿಕೊಳ್ಳುವ ಬಗೆ ಅದು.

ಬೇಟೆಗಾರರು ಈ ಗುಟ್ಟನ್ನು ಬಹಳ ಹಿಂದೆಯೇ ಅರಿತಿದ್ದರು. ಉಪ್ಪುಮಣ್ಣಿನ ಎಡೆಯಲ್ಲಿ, ಅಂಥ ಎಡೆ ಇಲ್ಲದಿದ್ದರೆ ತಾವೇ ಉಪ್ಪು ಸುರಿದ ಜಾಗದಲ್ಲಿ, ಮರದ ಮೇಲೆ ಅಟ್ಟಣೆ ಕಟ್ಟಿ ಕುಳಿತರೆ ಸಾಕು. ಜಿಂಕೆಯನ್ನು ಹುಡುಕಿಕೊಂಡು ಅಲೆಯಬೇಕಾಗಿರಲಿಲ್ಲ. ಬೇಸಗೆಯಲ್ಲಿ ನೀರಿನ ಗುಂಡಿಯ ದಡವೂ ಇಂಥದೇ ಜಾಗ. ಬಾಯಾರಿಕೆಯಿಂದ ಬಂದ ಜೀವ ಬಾಗಿ ಬಾಯಿಟ್ಟ ಕ್ಷಣವೇ ಕೋವಿಯ ಕುದುರೆಯೆಳೆಯುವ ಕ್ಷಣ. ಬೇಟೆಯನ್ನು ಶೌರ್ಯವೆಂದು ಬಗೆದವರಿಗೂ ಇದು ಹೇಯವೆನಿಸಿತ್ತು.

1972ರ ವನ್ಯಜೀವಿ ಸಂರಕ್ಷಣಾ ಕಾಯಿದೆ ಮೊದಲು ಜಾರಿಗೆ ಬಂದಾಗ ಕೆಲವು ಪ್ರಾಣಿಗಳ ಬೇಟೆಗೆ ಪರವಾನಗಿ ದೊರೆಯುವ ಅವಕಾಶವಿತ್ತು. ಆದರೆ ಪರವಾನಗಿ ಇದ್ದವನೂ ಉಪ್ಪು ನೆಕ್ಕುವ ಎಡೆಯಲ್ಲಾಗಲಿ, ನೀರು ಕುಡಿಯುವ ಗುಂಡಿಯ ಬಳಿಯಲ್ಲಾಗಲಿ, ಅಲ್ಲಿಗೆ ಹೋಗುವ ದಾರಿಯಲ್ಲಾಗಲಿ ಮಿಗವನ್ನು ಹೊಡೆಯಕೂಡದೆಂದು 17ನೆಯ ವಿಧಿ ಹೇಳಿತ್ತು. 1991ರ ತಿದ್ದುಪಡಿಯಲ್ಲಿ ಪರವಾನಗಿಯ ಬೇಟೆಯೇ ನಿಂತುಹೋದ್ದರಿಂದ ಆ ವಿಧಿಯ ಅಗತ್ಯವೂ ಉಳಿಯಲಿಲ್ಲ. ಇಂದಿನ ಕಾಯಿದೆಯಲ್ಲಿ ‘ಬೇಟೆ’ ಎಂಬ ಪದದ ಅರ್ಥ ಬಹಳ ವಿಶಾಲವಾದುದು. ಕೊಲ್ಲುವುದು, ಹಿಡಿಯುವುದು, ಅಟ್ಟುವುದು ಇವುಗಳೊಡನೆ ಆಮಿಷವೊಡ್ಡುವುದೂ ಅದರಲ್ಲಿ ಸೇರಿದೆ.

ಹುಲ್ಲಿದ್ದಲ್ಲಿ ಜಿಂಕೆ

ಹಾಗಾದರೆ ಜಿಂಕೆ ತಾನಾಗಿಯೇ ಬರುವ ಜಾಗ ಯಾವುದು? ಬಂಡೀಪುರದ ಚರಿತ್ರೆಯಲ್ಲಿಯೇ ಉತ್ತರವನ್ನು ಹುಡುಕಬಹುದು. ಹಿಂದೆ ಮೈಸೂರು ಅರಸರ ಬೇಟೆಗೆ ಮೀಸಲಾಗಿದ್ದ ಈ ಅಡವಿಯಲ್ಲಿ 1931ರಲ್ಲಿ 90 ಚದರ ಕಿಲೋಮೀಟರಿನಷ್ಟು ಪ್ರದೇಶ ಅಭಯಾರಣ್ಯವಾಯಿತು. 1941ರಲ್ಲಿ ಅದು ವಿಸ್ತರಿಸಿ ವೇಣುಗೋಪಾಲ ವನ್ಯಜೀವಿ ಉದ್ಯಾನವೆನಿಸಿತು; 1973ರಲ್ಲಿ ಹುಲಿ ಯೋಜನೆಗೆ ಸೇರಿತು. ಅರಸರಿಗೆ ಬೇಟೆಯಾಗಿ ಒದಗಿದ ಜಿಂಕೆಗಳ ಸಂತತಿ ಇಂದು ನಮ್ಮ ಕ್ಯಾಮರಾಗಳಿಗೆ ಒದಗುತ್ತಿದೆ. ಅಂದಿಗೂ ಇಂದಿಗೂ ಅವುಗಳನ್ನು ಅಲ್ಲಿ ಹಿಡಿದಿಟ್ಟಿರುವುದು ಹುಲ್ಲು, ನೀರು ಮತ್ತು ಅಡಗಲು ಮರೆ.

ನಾವು ಸಾಮಾನ್ಯವಾಗಿ ಜಿಂಕೆಯೆನ್ನುವ ಚುಕ್ಕೆಯ ಸಾರಗ ಕಾಡಿನ ಅಂಚಿನ ಪ್ರಾಣಿ. ಮೇಯಲು ಬಯಲಿನ ಎಳೆಹುಲ್ಲು ಬೇಕು. ಹೆದರಿಕೆಯಾದಾಗ ನುಗ್ಗಲು ಮರಗಳ ಮರೆ ಬೇಕು. ಎರಡೂ ಕೂಡುವ ಎಡೆಯೇ ಅದರ ನೆಚ್ಚಿನ ನೆಲೆ. ನಾಗರಹೊಳೆಯಲ್ಲಿ ಹಡ್ಲು ಎಂದು ಕರೆಯುವ ತಗ್ಗಿನ ಜೌಗು ಹುಲ್ಲುಗಾವಲುಗಳು ಇಂಥವು. 1974ರಲ್ಲಿ ಕಬಿನಿಗೆ ಅಣೆಕಟ್ಟು ಕಟ್ಟಿದ ಮೇಲೆ ಇನ್ನೊಂದು ನೆಲೆ ಹುಟ್ಟಿಕೊಂಡಿತು. ಬೇಸಗೆಯಲ್ಲಿ ಹಿನ್ನೀರು ಇಳಿದಂತೆಲ್ಲ ದಡದ ತೇವದ ನೆಲದಲ್ಲಿ ಹಸಿರು ಚಿಗುರುತ್ತದೆ. ಸುತ್ತಲಿನ ಕಾಡು ಒಣಗಿ ನಿಂತಿರುವ ಆ ದಿನಗಳಲ್ಲಿ ಆನೆ, ಕಾಟಿ, ಸಾರಗಗಳೆಲ್ಲ ಅಲ್ಲಿಗೆ ಇಳಿದುಬರುತ್ತವೆ. ಅವುಗಳನ್ನು ಯಾರೂ ಕರೆದಿರುವುದಿಲ್ಲ.

ಪ್ರವಾಸಿಗರನ್ನು ಕರೆದೊಯ್ಯುವ ದಾರಿಯ ಎರಡು ಬದಿಗಳಲ್ಲಿ ಅರಣ್ಯ ಇಲಾಖೆಯವರು ಪೊದೆಗಳನ್ನು ಸವರಿ ತೆರಪು ಮಾಡುವುದುಂಟು. ಅಲ್ಲಿ ಬೆಳಕು ಬಿದ್ದು ಹುಲ್ಲು ಹುಟ್ಟುತ್ತದೆ, ಸಾರಗಗಳು ಬಂದು ನಿಲ್ಲುತ್ತವೆ. ಅಮೆರಿಕ ಖಂಡದಿಂದ 19ನೆಯ ಶತಮಾನದಲ್ಲಿ ಅಲಂಕಾರದ ಗಿಡವಾಗಿ ಬಂದ ಲಂಟಾನ ನಮ್ಮ ಕಾಡುಗಳ ನೆಲವನ್ನೆಲ್ಲ ಮುಚ್ಚಿ ಹುಲ್ಲನ್ನು ನುಂಗುತ್ತಿದೆ. ಅದನ್ನು ಬೇರುಸಹಿತ ಕಿತ್ತು ಹುಲ್ಲಿಗೆ ಎಡೆಮಾಡಿಕೊಡುವುದಕ್ಕಿಂತ ದೊಡ್ಡ ಆಹ್ವಾನಪತ್ರಿಕೆಯನ್ನು ಜಿಂಕೆಗೆ ಕಳುಹಿಸಲಾಗದು.

ಕಾಡಿನಲ್ಲಿ ಜಿಂಕೆಗೆ ಆಹ್ವಾನ ನೀಡುವ ಇನ್ನೊಬ್ಬ ಮಹಾಶಯನಿದ್ದಾನೆ. ಅವನೇ ಮುಸುವ. ಮರದ ಮೇಲೆ ಕುಳಿತು ಹಣ್ಣು, ಹೂ, ಚಿಗುರುಗಳನ್ನು ಅರ್ಧ ತಿಂದು ಅರ್ಧ ಚೆಲ್ಲುವುದು ಅವನ ಸ್ವಭಾವ. ಕೆಳಗೆ ಸಾರಗಗಳು ನೆರೆಯುತ್ತವೆ. ಮೇಲಿನವನಿಗೆ ದೂರದೃಷ್ಟಿ, ಕೆಳಗಿನವಕ್ಕೆ ಚುರುಕು ಮೂಗು. ಹುಲಿಯೋ ಚಿರತೆಯೋ ಸುಳಿದರೆ ಒಬ್ಬರ ಕೂಗು ಇನ್ನೊಬ್ಬರಿಗೆ ರಕ್ಷೆ. ಮುಸುವಗಳ ಗುಂಪನ್ನು ಕಂಡಲ್ಲಿ ತುಸುಹೊತ್ತು ಕಾದರೆ ಜಿಂಕೆಯ ದರ್ಶನವಾಗುವ ಸಂಭವ ಹೆಚ್ಚು.

ಎಲ್ಲ ಮಿಗಗಳ ರುಚಿಯೂ ಒಂದೇ ಅಲ್ಲ. ಕಡವೆ ದಟ್ಟ ಕಾಡಿನ ಜೀವಿ, ಹೆಚ್ಚಾಗಿ ಇರುಳಿನಲ್ಲಿ ಓಡಾಡುವಂಥದು. ಕೃಷ್ಣಮೃಗಕ್ಕಾದರೋ ಮರೆಯೇ ಭಯ. ನಿಜದಲ್ಲಿ ಅದು ಜಿಂಕೆಯ ಕುಲದ್ದಲ್ಲ, ಹುಲ್ಲೆಯ ಕುಲದ್ದು. ಅದರ ಕೊಂಬು ಕವಲೊಡೆಯುವುದಿಲ್ಲ, ಉದುರುವುದೂ ಇಲ್ಲ. ಕಣ್ಣಿಗೂ ಕಾಲಿಗೂ ತಡೆಯಿಲ್ಲದ ಬಯಲು ಅದಕ್ಕೆ ಬೇಕು. 1974ರಲ್ಲಿ ಕೃಷ್ಣಮೃಗಕ್ಕಾಗಿಯೇ ಘೋಷಿತವಾದ ರಾಣಿಬೆನ್ನೂರಿನ ಅಭಯಾರಣ್ಯದ ಬಹುಭಾಗವನ್ನು ನೀಲಗಿರಿ ಮರದ ನೆಡುತೋಪು ಆವರಿಸಿದೆ. ಬಯಲನ್ನು ಬಯಸುವ ಪ್ರಾಣಿ ಸುತ್ತಲಿನ ರೈತರ ಹೊಲಗಳಿಗೆ ಇಳಿದರೆ ತಪ್ಪು ಯಾರದು?

ಅಭಯವೆಂಬ ಆಕರ್ಷಣೆ

ಬಂಡೀಪುರದ ಅತಿಥಿಗೃಹಗಳ ಅಂಗಳದಲ್ಲಿ ಸಂಜೆಯಾದೊಡನೆ ಸಾರಗಗಳ ಹಿಂಡು ಬಂದು ಮಲಗುವುದನ್ನು ಅಲ್ಲಿ ತಂಗಿದವರೆಲ್ಲ ಕಂಡಿರುತ್ತಾರೆ. ಮನುಷ್ಯನ ಮೇಲಿನ ಪ್ರೀತಿಯೆಂದು ಭಾವಿಸಿ ಹಿಗ್ಗುವವರುಂಟು. ಆದರೆ ಅದು ಪ್ರೀತಿಯಲ್ಲ, ಲೆಕ್ಕಾಚಾರ. ದೀಪವೂ ಜನಸಂಚಾರವೂ ಇರುವೆಡೆಗೆ ಹುಲಿ ಚಿರತೆಗಳು ಬರಲು ಹಿಂಜರಿಯುತ್ತವೆ. ಇಲ್ಲಿನ ಮನುಷ್ಯ ಕೊಲ್ಲುವುದಿಲ್ಲವೆಂದು ಜಿಂಕೆ ಅನುಭವದಿಂದ ಕಲಿತಿದೆ. ರಾಜಸ್ಥಾನದ ಬಿಷ್ಣೋಯಿ ಜನರ ಹಳ್ಳಿಗಳಲ್ಲಿಯೂ ಇದನ್ನೇ ಕಾಣುತ್ತೇವೆ. 15ನೆಯ ಶತಮಾನದಲ್ಲಿ ಗುರು ಜಾಂಬೇಶ್ವರರು ಬೋಧಿಸಿದ 29 ನಿಯಮಗಳನ್ನು ಪಾಲಿಸುವ ಆ ಜನ ಬೇಟೆಗಾರರನ್ನು ತಮ್ಮ ನೆಲಕ್ಕೆ ಕಾಲಿಡಗೊಡುವುದಿಲ್ಲ. ಅಲ್ಲಿ ಹೊಲದ ನಡುವೆ, ಮನೆಗಳ ಹತ್ತಿರದಲ್ಲಿಯೇ ಕೃಷ್ಣಮೃಗಗಳು ನಿರ್ಭಯವಾಗಿ ಓಡಾಡುತ್ತವೆ. ಉಪ್ಪಿಗಿಂತ, ದೀವದ ಮಿಗಕ್ಕಿಂತ ಬಲವಾದ ಆಕರ್ಷಣೆ ಅಭಯ.

ಕೈಯೊಡ್ಡುವ ಮುನ್ನ

ಕೊಲ್ಲುವ ಉದ್ದೇಶವಿಲ್ಲದಿದ್ದ ಮೇಲೆ ತಿಂಡಿಯನ್ನೋ ಉಪ್ಪನ್ನೋ ಇಟ್ಟು ಕರೆದರೆ ದೋಷವೇನು ಎಂದು ಕೇಳಬಹುದು. ದೋಷವುಂಟೆಂದು ಜಗತ್ತು ದುಬಾರಿ ಬೆಲೆ ತೆತ್ತು ಕಲಿತಿದೆ. ದಕ್ಷಿಣ ಆಫ್ರಿಕದ ಕ್ರೂಗರ್ ಉದ್ಯಾನದಲ್ಲಿ ಮೃಗಗಳ ಅನುಕೂಲಕ್ಕೆಂದು ಅನೇಕ ಕೃತಕ ನೀರಿನ ತಾಣಗಳನ್ನು ನಿರ್ಮಿಸಿದರು. ಒಣ ಪ್ರದೇಶಕ್ಕೂ ಜೀಬ್ರಾಗಳು ಬಂದು ನೆಲೆಸಿದವು. ಅವುಗಳ ಬೆನ್ನಿಗೆ ಸಿಂಹಗಳು ಬಂದವು. ಅಲ್ಲಿದ್ದ ಅಪರೂಪದ ರೋನ್ ಹುಲ್ಲೆಗಳ ಸಂಖ್ಯೆ ಕುಸಿಯಿತು. ಮುಂದೆ ಅಂಥ ಹಲವು ತಾಣಗಳನ್ನು ಮುಚ್ಚಬೇಕಾಯಿತು.

ಅಮೆರಿಕದಲ್ಲಿ ಜೋಳ ಚೆಲ್ಲಿ, ಉಪ್ಪಿನ ಗಟ್ಟಿ ಇಟ್ಟು ಜಿಂಕೆಯನ್ನು ಸೆಳೆಯುವುದು ಬಹು ಜನಪ್ರಿಯ ಅಭ್ಯಾಸ. 1967ರಲ್ಲಿ ಕೊಲರಾಡೊ ಸಂಸ್ಥಾನದಲ್ಲಿ ಸಾಕಿದ ಜಿಂಕೆಗಳಲ್ಲಿ ಮೊದಲು ಕಂಡುಬಂದ, ಮಿದುಳನ್ನು ಕೆಡಿಸಿ ಮೈಯನ್ನು ಕ್ಷಯಿಸುವ, ಔಷಧವಿಲ್ಲದ ಒಂದು ರೋಗ ಅನೇಕ ಸಂಸ್ಥಾನಗಳಿಗೆ ಹಬ್ಬಿದೆ. ಜೊಲ್ಲು ಮೂತ್ರಗಳಿಂದ ಅದು ಹರಡುತ್ತದೆ. ಅದರ ವಿಷ ಮಣ್ಣಿನಲ್ಲಿ ವರ್ಷಗಟ್ಟಲೆ ಉಳಿಯುತ್ತದೆ. ಹತ್ತಾರು ಬಾಯಿಗಳು ಒಂದೇ ರಾಶಿಗೆ ಬಂದು ಮುಟ್ಟಿದರೆ ಆಗುವ ಅನಾಹುತವನ್ನು ಊಹಿಸಬಹುದು. ರೋಗ ಕಾಣಿಸಿಕೊಂಡ ಹಲವೆಡೆ ಈಗ ಹಾಗೆ ಆಮಿಷವಿಡುವುದನ್ನು ನಿಷೇಧಿಸಿದ್ದಾರೆ.

ನಮ್ಮ ಮಕ್ಕಳ ಕೈಯ ಬಿಸ್ಕತ್ತೂ ಇದೇ ಜಾತಿಯದು. ಹುಲ್ಲನ್ನು ಮೆಲುಕುಹಾಕಲು ರೂಪುಗೊಂಡ ಹೊಟ್ಟೆಗೆ ಮೈದಾ ಸಕ್ಕರೆಗಳು ಹಿತವಲ್ಲ. ಉಪ್ಪಿನ ರುಚಿ ಹತ್ತಿದ ಪ್ಲಾಸ್ಟಿಕ್ ಚೀಲವನ್ನು ಜಿಂಕೆ ನೆಕ್ಕಿ ನುಂಗಿದರೆ ಅದು ಜೀರ್ಣವಾಗದೆ ಉಳಿಯುತ್ತದೆ. ಎಲ್ಲಕ್ಕಿಂತ ಮಿಗಿಲಾಗಿ, ಮನುಷ್ಯನ ಕೈ ನೋಡಿ ಬರುವುದನ್ನು ಕಲಿತ ಜಿಂಕೆ ಒಳ್ಳೆಯವನ ಕೈಗೂ ಕಳ್ಳಬೇಟೆಗಾರನ ಕೈಗೂ ಭೇದವೆಣಿಸಲಾರದು. ನಾವು ಅಕ್ಕರೆಯಿಂದ ಕಲಿಸಿದ ನಂಬಿಕೆ ಇನ್ನೊಬ್ಬನಿಗೆ ದೀವವಾಗಿ ಒದಗುತ್ತದೆ.

ಆದುದರಿಂದ ಜಿಂಕೆಯನ್ನು ಕಾಣಬಯಸುವವರು ಮಾಡಬೇಕಾದುದು ಅಲ್ಪ. ಮುಂಜಾವಿನಲ್ಲಿ ಅಥವಾ ಇಳಿಹೊತ್ತಿನಲ್ಲಿ ಹೊರಡಬೇಕು. ನಡುಹಗಲಿನ ಬಿಸಿಲಲ್ಲಿ ಅವು ನೆರಳು ಹಿಡಿದಿರುತ್ತವೆ. ಕೆಂಪು ಹಸಿರುಗಳ ಭೇದ ಅವುಗಳ ಕಣ್ಣಿಗೆ ಚೆನ್ನಾಗಿ ತಿಳಿಯದು, ಆದರೆ ಅಲುಗಾಟ ಒಡನೆಯೇ ತಿಳಿಯುತ್ತದೆ. ಬಟ್ಟೆಯ ಬಣ್ಣಕ್ಕಿಂತ ಮೈಯ ನಿಶ್ಚಲತೆ ಮುಖ್ಯ. ಗಾಳಿ ನಮ್ಮ ಕಡೆಯಿಂದ ಅವುಗಳತ್ತ ಬೀಸುತ್ತಿದ್ದರೆ ನಮ್ಮ ಸುಗಂಧದೆಣ್ಣೆಯ ವಾಸನೆ ನಮಗಿಂತ ಮೊದಲೇ ಹೋಗಿ ಸುದ್ದಿ ಮುಟ್ಟಿಸುತ್ತದೆ. ಮಾತು, ಹಾಡು, ಚಪ್ಪಾಳೆಗಳನ್ನು ಊರಿನಲ್ಲಿಯೇ ಬಿಟ್ಟುಬರಬೇಕು.

“ಇಲ್ಲಿಗೇ ಬರುವ ಹಾಗೆ ಮಾಡಲಾಗದೆ?” ಎಂದು ಕೇಳಿದ ಮಗುವಿಗೆ ಈಗ ಉತ್ತರ ಹೇಳಬಹುದು: ಆಗುತ್ತದೆ, ಕಂದ. ಬಿಸ್ಕತ್ತನ್ನು ಚೀಲದೊಳಗಿಡು, ಸದ್ದಿಲ್ಲದೆ ಕುಳಿತುಕೋ. ಹುಲ್ಲು ಅದರದು, ನೀರು ಅದರದು. ನಮ್ಮದೆಂಬುದು ಇಲ್ಲಿ ತಾಳ್ಮೆಯೊಂದೇ. ಅಷ್ಟನ್ನು ಕೊಟ್ಟರೆ ಪೊದೆಯಂಚಿನಲ್ಲಿ ಎರಡು ಕಿವಿಗಳು ಮೊದಲು ಕಾಣಿಸುತ್ತವೆ. ಆಮೇಲೆ ತೇವದ ಕಪ್ಪು ಮೂಗು. ಆಮೇಲೆ ಬೆಳ್ಳನೆಯ ಚುಕ್ಕೆಗಳು. ಅಂದು ಅದು ಬಾರದೆಯೂ ಹೋಗಬಹುದು. ಬಂದರೆ, ಯಾರೂ ಕರೆಯದೆ ತಾನಾಗಿ ಬಂದ ಜಿಂಕೆಯನ್ನು ನೀನು ಕಂಡಂತಾಗುತ್ತದೆ.