ಚಹಾ ಕೋಣೆಯಲ್ಲಿ ಅತಿಥಿಗೂ ಕೆಲಸವಿದೆ

ಜಪಾನಿಗೆ ಹೋಗಿಬಂದ ನಮ್ಮವರಲ್ಲಿ ಬಹಳಷ್ಟು ಮಂದಿ ಬುಲೆಟ್ ರೈಲು ಹತ್ತಿರುತ್ತಾರೆ, ಫ್ಯೂಜಿ ಪರ್ವತ ನೋಡಿರುತ್ತಾರೆ, ಚೆರ್ರಿ ಹೂವಿನ ಕೆಳಗೆ ಫೋಟೊ ತೆಗೆಸಿಕೊಂಡಿರುತ್ತಾರೆ. ಚಹಾ ಕೋಣೆಯೊಳಗೆ ಕೂತು ಬಂದವರು ಮಾತ್ರ ಕಡಿಮೆ. ಏಕೆಂದು ಕೇಳಿದರೆ, ‘ಅದಕ್ಕೆ ತುಂಬಾ ನಿಯಮಗಳಂತೆ, ನಮಗೆಲ್ಲಿ ಗೊತ್ತಾಗುತ್ತೆ’ ಎನ್ನುತ್ತಾರೆ. ನಿಯಮಗಳು ಇರುವುದು ನಿಜ. ಆದರೆ ಹೊರಗಿನವರನ್ನು ದೂರ ಇಡಲೆಂದು ಯಾರೂ ಅವನ್ನು ಮಾಡಲಿಲ್ಲ. ಒಂದೊಂದರ ಹಿಂದೆಯೂ ಬಟ್ಟಲನ್ನೋ, ಚಾಪೆಯನ್ನೋ, ಪಕ್ಕದಲ್ಲಿ ಕೂತವರನ್ನೋ ಜೋಪಾನ ಮಾಡುವ ಕಾಳಜಿ ಇದೆ. ಅಷ್ಟು ತಿಳಿದುಕೊಂಡರೆ ಯಾವ ಪ್ರವಾಸಿಯೂ ಅಲ್ಲಿ ಒಳ್ಳೆಯ ಅತಿಥಿಯಾಗಬಹುದು.

ಅಪರಿಚಿತರನ್ನು ಚಹಾಕ್ಕೆ ಕರೆಯುವುದು ಈಚಿನ ಪ್ರವಾಸೋದ್ಯಮ ಕಂಡುಹಿಡಿದ ಉಪಾಯವೂ ಅಲ್ಲ. ಆಗಿನ ಜಪಾನಿನ ಅಧಿಪತಿ ತೊಯೊತೊಮಿ ಹಿದೆಯೋಶಿ 1587ರಲ್ಲಿ ಕ್ಯೋಟೋದ ಕಿತಾನೋ ದೇಗುಲದ ಆವರಣದಲ್ಲಿ ಬಹಿರಂಗ ಚಹಾ ಕೂಟವನ್ನೇ ಏರ್ಪಡಿಸಿದ. ಆಳಾಗಲಿ, ಪೇಟೆಯವನಾಗಲಿ, ರೈತನಾಗಲಿ ಒಂದು ಕೆಟಲು, ಒಂದು ಬಟ್ಟಲು ಹಿಡಿದು ಬರಬಹುದು, ಚೀನಾದಿಂದ ಬಂದವರಿಗೂ ಅಡ್ಡಿಯಿಲ್ಲ ಎಂದು ಊರೂರಲ್ಲಿ ಸಾರಿಸಿದ. ಹತ್ತು ದಿನವೆಂದು ಹೇಳಿದ್ದ ಕೂಟ ಒಂದೇ ದಿನಕ್ಕೆ ನಿಂತುಹೋಯಿತಾದರೂ ಜನರಂತೂ ಕಿಕ್ಕಿರಿದಿದ್ದರು. ಅಲ್ಲಿ ಚಹಾ ಮಾಡಿಕೊಟ್ಟವರಲ್ಲಿ ಒಬ್ಬ ಸೆನ್ ನೋ ರಿಕ್ಯೂ. ಇವತ್ತು ನಾವು ಚಾನೋಯು ಅಥವಾ ಸಾದೋ ಎಂದು ಕರೆಯುವ ಚಹಾ ವಿಧಿಗೆ ಈಗಿನ ರೂಪ ಕೊಟ್ಟವನು ಅವನೇ.

ರಿಕ್ಯೂಗೆ ನಾಲ್ಕು ಶತಮಾನ ಮೊದಲೇ ಚಹಾ ಜಪಾನಿನಲ್ಲಿ ಬೇರುಬಿಟ್ಟಿತ್ತು. ಝೆನ್ ಸನ್ಯಾಸಿ ಏಯ್‌ಸಾಯ್ 1191ರಲ್ಲಿ ಚೀನಾದಿಂದ ಮರಳುವಾಗ ಚಹಾ ಬೀಜ ತಂದ ಎನ್ನುತ್ತಾರೆ. ಮಠಗಳಲ್ಲಿ ಧ್ಯಾನಕ್ಕೆ ಕೂತವರು ನಿದ್ದೆ ಬಾರದಂತೆ ಕುಡಿಯುತ್ತಿದ್ದ ಪುಡಿ ಚಹಾ ನಿಧಾನವಾಗಿ ಸಾಮಂತರ ಮನೆ ಸೇರಿ, ದುಬಾರಿ ಚೀನೀ ಪಿಂಗಾಣಿಯನ್ನು ಮೆರೆಸುವ ನೆಪವಾಯಿತು. ಆ ಅಬ್ಬರವನ್ನು ತಗ್ಗಿಸಿ, ಚಿಕ್ಕ ಕೋಣೆ, ನಾಡಿನ ಸಾದಾ ಮಡಕೆ ಸಾಕೆಂದವನು ಮುರಾತಾ ಜುಕೋ. ಆಮೇಲೆ ಬಂದವನು ತಕೆನೋ ಜೋಓ. ಜೋಓನ ಶಿಷ್ಯ, ಸಕಾಯ್ ಬಂದರಿನ ವ್ಯಾಪಾರಿ ಮನೆತನದ ಹುಡುಗ ರಿಕ್ಯೂ ಆ ಸರಳತೆಯನ್ನು ಎಲ್ಲಿಗೆ ಒಯ್ದ ಎಂಬುದನ್ನು ನೋಡಬೇಕಾದರೆ ಕ್ಯೋಟೋ ಮತ್ತು ಒಸಾಕಾ ನಡುವಿನ ಯಾಮಾಝಾಕಿಗೆ ಹೋಗಬೇಕು. ಅಲ್ಲಿನ ಮ್ಯೋಕಿ-ಆನ್ ದೇವಾಲಯದಲ್ಲಿರುವ ತಾಯ್-ಆನ್ ಎಂಬ ಚಹಾ ಕೋಣೆ ಅವನದೇ ಕಲ್ಪನೆ ಎಂದು ನಂಬಲಾಗಿದೆ. ಅತಿಥಿ, ಅತಿಥೇಯ ಇಬ್ಬರಿಗೂ ಸೇರಿ ಇರುವುದು ಬರೀ ಎರಡು ತತಾಮಿ ಚಾಪೆಯ ಜಾಗ. ಮಣ್ಣಿನ ಗೋಡೆ, ಕಾಗದದ ಕಿಟಕಿ. ಈಗ ಅದು ರಾಷ್ಟ್ರೀಯ ನಿಧಿ. ಮುಂಚಿತವಾಗಿ ಬರೆದು ಅನುಮತಿ ಪಡೆದವರು ಹೊರಗಿನಿಂದ ನೋಡಬಹುದು.

ಅದೇ ಕಾಲದಲ್ಲಿ ಹಿದೆಯೋಶಿ, ಬೇಕೆಂದಲ್ಲಿಗೆ ಹೊತ್ತೊಯ್ಯಬಹುದಾದ ಚಿನ್ನದ ಚಹಾ ಕೋಣೆಯೊಂದನ್ನು ಮಾಡಿಸಿ 1586ರಲ್ಲಿ ಚಕ್ರವರ್ತಿಗೆ ಅದರಲ್ಲಿ ಚಹಾ ಕೊಟ್ಟಿದ್ದ. ಅಂಥ ಒಡೆಯನ ಆಸ್ಥಾನದಲ್ಲಿದ್ದುಕೊಂಡೇ ರಿಕ್ಯೂ ಕಪ್ಪು ಮಣ್ಣಿನ ಬಟ್ಟಲನ್ನು ಎತ್ತಿಹಿಡಿದ. ಕೊನೆಗೆ 1591ರಲ್ಲಿ ಹಿದೆಯೋಶಿಯ ಆಜ್ಞೆಯಂತೆ ಪ್ರಾಣ ಬಿಟ್ಟ. ಕಾರಣವೇನೆಂದು ಇತಿಹಾಸಕಾರರು ಇನ್ನೂ ಚರ್ಚಿಸುತ್ತಿದ್ದಾರೆ. ಅವನ ಮರಿಮಕ್ಕಳು ಕಟ್ಟಿದ ಒಮೊತೆಸೆಂಕೆ, ಉರಾಸೆಂಕೆ, ಮುಶಾಕೋಜಿಸೆಂಕೆ ಎಂಬ ಮೂರು ಮನೆತನಗಳು ಕ್ಯೋಟೋದಲ್ಲಿ ಇವತ್ತಿಗೂ ಈ ವಿದ್ಯೆ ಕಲಿಸುತ್ತಿವೆ.

ಇನ್ನು ಕೋಣೆಯ ಒಳಗೆ ಹೋಗೋಣ. ಹಳೆಯ ಪದ್ಧತಿಯ ಚಹಾ ಮನೆಗೆ ಸಣ್ಣ ತೋಟ ದಾಟಿ ಹೋಗಬೇಕು. ದಾರಿಯಲ್ಲಿ ಕಲ್ಲಿನ ತೊಟ್ಟಿಯೊಂದು ಬರುತ್ತದೆ. ಅಲ್ಲಿ ಬಗ್ಗಿ ಕೈ ತೊಳೆದು ಬಾಯಿ ಮುಕ್ಕಳಿಸಬೇಕು. ಆಮೇಲೆ ನಿಜಿರಿಗುಚಿ, ಅಂದರೆ ಸುಮಾರು 66 ಸೆಂಟಿಮೀಟರ್ ಎತ್ತರ, ಅದಕ್ಕಿಂತ ತುಸು ಕಡಿಮೆ ಅಗಲದ ಬಾಗಿಲು. ಎಂಥವರೂ ತಲೆ ಬಗ್ಗಿಸಿ, ಮಂಡಿಯೂರಿ ಸರಿಯುತ್ತಲೇ ಒಳಗೆ ಹೋಗಬೇಕು. ಸಮುರಾಯ್‌ಗಳು ಕತ್ತಿಯನ್ನು ಹೊರಗಿಟ್ಟು ಬರುತ್ತಿದ್ದರು. ಒಳಗೆ ಹೋದೊಡನೆ ತೊಕೊನೊಮಾ ಎಂಬ ಗೂಡಿನ ಮುಂದೆ ಕೂತು, ಅಲ್ಲಿ ತೂಗುಹಾಕಿದ ಬರಹದ ಸುರುಳಿಯನ್ನೂ ಹೂವನ್ನೂ ನೋಡಬೇಕು. ಅವೆರಡನ್ನೂ ಆ ದಿನಕ್ಕೆಂದು, ಬರುವ ಅತಿಥಿಗಳಿಗೆಂದು ಆರಿಸಿಟ್ಟಿರುತ್ತಾರೆ. ನೋಡದೆ ಹೋಗಿ ಕೂತರೆ ಅತಿಥೇಯರ ಬೆಳಗಿನ ಶ್ರಮವೆಲ್ಲ ವ್ಯರ್ಥ.

ನವೆಂಬರ್‌ನಿಂದ ಏಪ್ರಿಲ್‌ವರೆಗೆ ನೆಲದಲ್ಲಿ ಅಗೆದ ಒಲೆಯ ಮೇಲೆ ನೀರು ಕುದಿಯುತ್ತದೆ. ಮೇ ತಿಂಗಳಿಂದ ಅಕ್ಟೋಬರ್‌ವರೆಗೆ ಅತಿಥಿಗಳಿಗೆ ಸೆಕೆ ತಟ್ಟದಿರಲೆಂದು ಅಗ್ಗಿಷ್ಟಿಕೆಯನ್ನು ದೂರಕ್ಕೆ ಸರಿಸುತ್ತಾರೆ. ಕಬ್ಬಿಣದ ಕೆಟಲಿನ ತಳಕ್ಕೆ ಚಿಕ್ಕ ಕಬ್ಬಿಣದ ಚೂರುಗಳನ್ನು ಅಂಟಿಸಿರುತ್ತಾರೆ, ನೀರು ಕಾಯುವಾಗ ಮೆಲ್ಲನೆ ಮೊರೆಯಲೆಂದು. ಯಾರೂ ಮಾತಾಡದ ಕೋಣೆಯಲ್ಲಿ ಆ ಸದ್ದೊಂದೇ ಕೇಳುತ್ತದೆ.

ಅತಿಥೇಯರ ಕೈಯನ್ನು ಗಮನವಿಟ್ಟು ನೋಡಿ. ಅವರು ಸೊಂಟದಿಂದ ರೇಷ್ಮೆಯ ಚೌಕ ತೆಗೆದು ಮಡಿಸಿ, ಚಹಾ ಪುಡಿಯ ಡಬ್ಬಿಯನ್ನೂ ಬಿದಿರಿನ ಚಮಚವನ್ನೂ ಒರೆಸುತ್ತಾರೆ. ಅವು ಕೊಳೆಯಾಗಿವೆ ಅಂತಲ್ಲ, ಆಗಲೇ ತೊಳೆದಿಟ್ಟದ್ದನ್ನೇ ನಿಮ್ಮ ಕಣ್ಣೆದುರು ಮತ್ತೊಮ್ಮೆ ಶುಚಿ ಮಾಡುವುದು. ಬಿಸಿನೀರು ಹಾಕಿ ಬಟ್ಟಲನ್ನು ಬೆಚ್ಚಗೆ ಮಾಡಿ, ಅದರಲ್ಲೇ ಬಿದಿರಿನ ಕಡೆಗೋಲನ್ನು ಅದ್ದಿ, ಮೇಲೆತ್ತಿ ಹಿಡಿದು, ಒಂದು ಎಸಳೂ ಮುರಿದಿಲ್ಲವೆಂದು ಪರೀಕ್ಷಿಸುತ್ತಾರೆ. ನೀರು ಚೆಲ್ಲಿ, ಬಟ್ಟಲು ಒರೆಸಿ, ಎರಡು ಚಮಚ ಪುಡಿ ಹಾಕುತ್ತಾರೆ. ಎರಡೂ ಸೇರಿ ಹೆಚ್ಚುಕಡಿಮೆ ಎರಡು ಗ್ರಾಂ. ಉದ್ದ ಹಿಡಿಯ ಬಿದಿರಿನ ಸೌಟಿನಲ್ಲಿ ನೀರು ತೆಗೆದು ಬೇಕಾದಷ್ಟನ್ನೇ ಹಾಕಿ, ಉಳಿದದ್ದನ್ನು ಮರಳಿ ಕೆಟಲಿಗೆ ಸುರಿಯುತ್ತಾರೆ. ಆಮೇಲೆ ಮಣಿಕಟ್ಟು ಚುರುಕಾಗಿ ಆಡುತ್ತದೆ. ಉರಾಸೆಂಕೆಯವರು ಮೇಲೆಲ್ಲ ನೊರೆ ಬರುವಂತೆ ಕಡೆಯುತ್ತಾರೆ, ಒಮೊತೆಸೆಂಕೆಯವರು ಒಂದು ಪಕ್ಕದಲ್ಲಿ ನೊರೆಯಿಲ್ಲದ ಹಸಿರನ್ನು ಬಿಡುತ್ತಾರೆ.

ಆ ಕಡೆಗೋಲಿನ ಹೆಸರು ಚಾಸೆನ್. ನಾರಾ ಪ್ರಾಂತ್ಯದ ತಾಕಾಯಾಮಾ ಎಂಬ ಊರು ಶತಮಾನಗಳಿಂದ ಅದಕ್ಕೆ ಹೆಸರುವಾಸಿ. ಚೆನ್ನಾಗಿ ಒಣಗಿಸಿದ ಒಂದೇ ಬಿದಿರಿನ ತುಂಡಿನ ತುದಿಯನ್ನು ಮೊದಲು ದಪ್ಪ ಸೀಳುಗಳಾಗಿಸಿ, ಅವನ್ನು ಮತ್ತೆ ಸೀಳಿ, ನೂರರ ಆಸುಪಾಸು ಎಸಳು ಮಾಡಿ, ಒಂದೊಂದನ್ನೂ ಚಾಕುವಿನಿಂದ ಹೆರೆದು ತೆಳು ಮಾಡುತ್ತಾರೆ. ಕೊನೆಗೆ ದಾರದಿಂದ ಹೆಣೆದು ಒಳ ಸಾಲು, ಹೊರ ಸಾಲು ಬೇರೆ ಮಾಡುತ್ತಾರೆ. ಇಡೀ ವಸ್ತುವಿನಲ್ಲಿ ಅಂಟಿಲ್ಲ, ಮೊಳೆಯಿಲ್ಲ. ಚಹಾ ಪುಡಿಯ ಹಿಂದೆಯೂ ಇಷ್ಟೇ ಶ್ರಮವಿದೆ. ಕ್ಯೋಟೋ ಪಕ್ಕದ ಉಜಿಯಲ್ಲಿ ಕೊಯ್ಲಿಗೆ ಮೂರು ವಾರ ಮೊದಲೇ ತೋಟಕ್ಕೆ ನೆರಳು ಕಟ್ಟುತ್ತಾರೆ. ಬಿಸಿಲು ಕಡಿಮೆಯಾದ ಎಲೆ ಕಡು ಹಸಿರಾಗಿ, ಒಗರು ತಗ್ಗಿ, ರುಚಿ ಗಟ್ಟಿಯಾಗುತ್ತದೆ. ಆ ಎಲೆಯನ್ನು ಆವಿಯಲ್ಲಿ ಬಾಡಿಸಿ ಒಣಗಿಸಿ, ದಂಟು ನರ ತೆಗೆದು ಬೀಸುವ ಕಲ್ಲಿಗೆ ಹಾಕಿದರೆ ಗಂಟೆಗೆ ಬೀಳುವುದು 40 ಗ್ರಾಂ ಆಸುಪಾಸು.

ಈಗ ನಿಮ್ಮ ಸರದಿ. ಸಿಹಿ ಮೊದಲು ಬರುತ್ತದೆ. ಚಹಾ ಬರುವ ಮುಂಚೆಯೇ ಅದನ್ನು ತಿಂದು ಮುಗಿಸಬೇಕು. ಆ ಸಿಹಿ ಬಾಯಲ್ಲಿ ಉಳಿದಿದ್ದರೇ ಸಕ್ಕರೆ ಹಾಕದ ಚಹಾ ಹಿತವಾಗುತ್ತದೆ. ಬಟ್ಟಲು ಬಂದಾಗ ಪಕ್ಕದವರ ಕಡೆ ತುಸು ಬಾಗಿ, ‘ನಿಮಗಿಂತ ಮೊದಲು ಕುಡಿಯುತ್ತಿದ್ದೇನೆ’ ಎನ್ನಲು ‘ಒಸಾಕಿನಿ’ ಅನ್ನಿ. ಬಟ್ಟಲನ್ನು ಎಡ ಅಂಗೈ ಮೇಲಿಟ್ಟು, ಬಲಗೈ ಆಸರೆ ಕೊಟ್ಟು, ಪ್ರದಕ್ಷಿಣೆಯ ದಿಕ್ಕಿನಲ್ಲಿ ಎರಡು ಬಾರಿ ಸ್ವಲ್ಪ ಸ್ವಲ್ಪ ತಿರುಗಿಸಿ. ಅತಿಥೇಯರು ಬಟ್ಟಲಿನ ಚೆಂದದ ಮುಖವನ್ನು ನಿಮ್ಮ ಕಡೆಗೆ ಇಟ್ಟಿರುತ್ತಾರೆ, ಆ ಮುಖಕ್ಕೆ ಬಾಯಿ ಹಚ್ಚಬಾರದೆಂದು ಹೀಗೆ ತಿರುಗಿಸುವುದು. ಕೊನೆಯ ಗುಟುಕನ್ನು ಸದ್ದು ಮಾಡಿ ಹೀರಿದರೆ ಮುಗಿಯಿತೆಂದು ಅವರಿಗೆ ತಿಳಿಯುತ್ತದೆ. ಬಾಯಿ ತಾಗಿದ ಅಂಚನ್ನು ಬೆರಳಿಂದ ಒರೆಸಿ, ಬಟ್ಟಲನ್ನು ನೆಲಕ್ಕೆ ಸಮೀಪದಲ್ಲೇ ಹಿಡಿದು ನಿಧಾನವಾಗಿ ನೋಡಿ. ಜಾರಿದರೂ ಒಡೆಯಬಾರದೆಂದು ಹಾಗೆ ತಗ್ಗಿಸಿ ಹಿಡಿಯುವುದು. ಉಂಗುರ, ಬಳೆ, ಕೈಗಡಿಯಾರ ಬಿಚ್ಚಿಡಿ ಎನ್ನುವುದೂ ಬಟ್ಟಲಿಗೆ ಗೀರು ಬೀಳಬಾರದೆಂದೇ. ಸುಗಂಧ ಹಾಕಿಕೊಂಡು ಹೋದರೆ ಚಹಾದ, ಧೂಪದ ಪರಿಮಳ ಎಲ್ಲರಿಗೂ ಕೆಡುತ್ತದೆ. ತತಾಮಿಯ ಅಂಚಿನ ಪಟ್ಟಿಯನ್ನು ತುಳಿಯದೆ ದಾಟಿ.

ಕೂರುವ ಕ್ರಮವಾದ ಸೇಜಾ ನಮ್ಮ ವಜ್ರಾಸನವೇ. ಅಭ್ಯಾಸವಿಲ್ಲದವರಿಗೆ ಕಾಲು ಜೋಮು ಹಿಡಿಯುತ್ತದೆ. ಆಗ ಹೇಳಿ ಕಾಲು ಸಡಿಲಿಸಿಕೊಳ್ಳಬಹುದು, ಯಾರೂ ತಪ್ಪು ತಿಳಿಯುವುದಿಲ್ಲ. ಮಂಡಿನೋವಿದ್ದವರು ರ್ಯೂರೇ ಪದ್ಧತಿ ಇರುವಲ್ಲಿಗೆ ಹೋಗಲಿ. 1872ರಲ್ಲಿ ಕ್ಯೋಟೋದ ವಸ್ತುಪ್ರದರ್ಶನಕ್ಕೆ ವಿದೇಶೀಯರು ಬರುತ್ತಾರೆಂದು ಉರಾಸೆಂಕೆಯ 11ನೇ ಗುರು ಗೆನ್‌ಗೆನ್‌ಸಾಯ್ ರೂಪಿಸಿದ, ಮೇಜು-ಪೀಠದ ಕ್ರಮ ಅದು. ಬಂದವರ ಕಾಲು ನೋಯದಿರಲೆಂದು ವಿಧಿಯನ್ನೇ ಬದಲಿಸಿದ ಈ ಸಂಪ್ರದಾಯದ ಮೇಲೆ ನನಗೆ ಬಹಳ ಗೌರವ. ಅದೇ ಮನೆತನದ 15ನೇ ಗುರು ಸೆನ್ ಗೆನ್‌ಶಿತ್ಸು ಎರಡನೇ ಮಹಾಯುದ್ಧದಲ್ಲಿ ನೌಕಾಪಡೆಯ ಆತ್ಮಾಹುತಿ ವಿಮಾನ ದಳದಲ್ಲಿದ್ದವರು. ಬದುಕುಳಿದ ಮೇಲೆ, ಒಂದು ಬಟ್ಟಲು ಚಹಾದಿಂದ ಶಾಂತಿ ಎನ್ನುತ್ತ ದೇಶ ದೇಶ ಸುತ್ತಿ, 2025ರಲ್ಲಿ 102ನೇ ವಯಸ್ಸಿನಲ್ಲಿ ತೀರಿಕೊಂಡರು.

ಸಸ್ಯಾಹಾರಿಗಳಿಗೆ ಒಂದು ಮಾತು. ಚಹಾಕ್ಕೆ ಹಾಲಿಲ್ಲ. ಸಿಹಿ ಹೆಚ್ಚಾಗಿ ಕಾಳಿನ ಹೂರಣ, ಸಕ್ಕರೆ, ಅಕ್ಕಿ ಹಿಟ್ಟಿನದು. ಕೆಲವಕ್ಕೆ ಮೊಟ್ಟೆ ಬೀಳುವುದುಂಟು, ಕೇಳಿ ತಿನ್ನಿ. ಊಟ, ಗಟ್ಟಿ ಚಹಾ, ತೆಳು ಚಹಾ ಎಲ್ಲ ಸೇರಿ ನಾಲ್ಕು ಗಂಟೆ ನಡೆಯುವ ಪೂರ್ಣ ಚಾಜಿಗೆ ಕರೆ ಬಂದರೆ ಮಾತ್ರ ಮೊದಲೇ ತಿಳಿಸಬೇಕು, ಏಕೆಂದರೆ ತರಕಾರಿ ಸಾರಿಗೂ ಒಣಮೀನಿನ ರಸ ಬೆರೆಸುತ್ತಾರೆ.

ಎಲ್ಲಿಗೆ ಹೋಗಬೇಕು? ಕಿಮೋನೋ ಬಾಡಿಗೆ, ಫೋಟೊ, ಚಹಾ ಮೂರನ್ನೂ ಒಂದೇ ಗಂಟೆಯಲ್ಲಿ ಮುಗಿಸುವ ಅಂಗಡಿಗಳು ಕ್ಯೋಟೋದಲ್ಲಿ ಬೇಕಾದಷ್ಟಿವೆ. ಅವು ಬೇಡವೆನ್ನುವುದಿಲ್ಲ, ಆದರೆ ಅವುಗಳಿಂದಲೇ ತೃಪ್ತರಾಗಬೇಡಿ. ಉಜಿಯಲ್ಲಿ ಬ್ಯೋದೋ-ಇನ್ ದೇವಾಲಯದ ಹತ್ತಿರ, ನದಿ ದಂಡೆಯಲ್ಲಿ ಊರಿನ ಆಡಳಿತವೇ ನಡೆಸುವ ತೈಹೋ-ಆನ್ ಎಂಬ ಚಹಾ ಮನೆಯಿದೆ. ರಿಕ್ಯೂ ಹುಟ್ಟಿದ ಸಕಾಯ್‌ನಲ್ಲಿ 2015ರಲ್ಲಿ ತೆರೆದ ‘ಸಕಾಯ್ ರಿಶೋ ನೋ ಮೋರಿ’ಯಲ್ಲಿ ಮೂರೂ ಮನೆತನದವರ ಚಹಾ ಸಿಗುತ್ತದೆ, ಅದೂ ಕುರ್ಚಿಯ ಮೇಲೆ ಕೂತು. ಜಾಗ ಯಾವುದಾದರೂ ಆಗಲಿ, ಚಹಾವನ್ನು ನಿಮ್ಮ ಕಣ್ಣೆದುರೇ ಮಾಡಿಕೊಡುತ್ತಾರೆಯೇ ಎಂದು ಮೊದಲೇ ವಿಚಾರಿಸಿ. ಒಳಗಿನಿಂದ ಕಲಸಿ ತಂದಿಡುವ ಕಡೆ ನಿಮಗೆ ಕುಡಿಯಲು ಸಿಗುವುದು ಮಾಚಾ ಎಂಬ ಪುಡಿ ಚಹಾ ಅಷ್ಟೇ. ಪ್ರವಾಸದ ಪಟ್ಟಿಯಲ್ಲಿ ಒಂದು ಮಧ್ಯಾಹ್ನವನ್ನು ಇದಕ್ಕೆಂದೇ ಬಿಡಿ, ಅದೇ ಹೊತ್ತಿಗೆ ಇನ್ನೆರಡು ಜಾಗ ತುರುಕಬೇಡಿ. ತತಾಮಿ ಮೇಲೆ ಕಾಲಿಡಲು ಶುಭ್ರವಾದ ಬಿಳಿ ಕಾಲುಚೀಲ ಒಂದು ಜೊತೆ ಚೀಲದಲ್ಲಿರಲಿ.