ಹಳೆಯ ಮೊಬೈಲ್ ‘ರೂಟ್’ ಮಾಡಿಸುವ ಮುನ್ನ



ಕಳೆದ ತಿಂಗಳು ಕೆಚ್ಚಲು ಬಾವು ಬಂದ ಹಸುವನ್ನು ನೋಡಲು ಹೋದಾಗ ಮನೆಯ ಯಜಮಾನರು ಮೊದಲು ತೋರಿಸಿದ್ದು ಮೊಬೈಲನ್ನು. “ಡಾಕ್ಟ್ರೇ, ಫೋನ್ ನಿಧಾನ ಆಯ್ತು ಅಂತ ಮಗ ರೂಟ್ ಮಾಡಿದ. ಈಗ ಬ್ಯಾಂಕಿನ ಆಪ್ ತೆರೀತಿಲ್ಲ. ಬಟವಾಡೆ ಬಂತೋ ಇಲ್ವೋ ಗೊತ್ತಾಗ್ತಿಲ್ಲ” ಎಂದರು. ಹಸುವಿಗೆ ಗರ್ಭಧಾರಣೆ ಮಾಡಿಸಿದ ದಿನಾಂಕವೂ ಫೋನಿನೊಳಗೇ ಅಳಿಸಿಹೋಗಿತ್ತು.

ರೂಟ್ ಎಂದರೇನು?

ಆಂಡ್ರಾಯ್ಡ್ ಫೋನಿನಲ್ಲಿ ಪ್ರತಿ ಆಪ್ ತನ್ನ ಗೂಟಕ್ಕೆ ಕಟ್ಟಿದ ರಾಸಿನಂತೆ. ಒಂದರ ಮೇವಿಗೆ ಇನ್ನೊಂದು ಬಾಯಿ ಹಾಕದು. ರೂಟ್ ಮಾಡಿದರೆ ಫೋನಿನ ಮೂಲ ವ್ಯವಸ್ಥೆಯ ಮೇಲೆ ಪೂರ್ಣ ಅಧಿಕಾರ ಸಿಗುತ್ತದೆ. ಕಂಪನಿ ತುಂಬಿ ಕೊಟ್ಟ ಬೇಡದ ಆಪ್‌ಗಳನ್ನು ತೆಗೆಯಬಹುದು, ಇದು ನಿಜ. ಆದರೆ ಅದೇ ಅಧಿಕಾರ ಕಳ್ಳ ಆಪ್‌ಗೆ ಸಿಕ್ಕರೆ ಹಗ್ಗ ಬಿಚ್ಚಿದಂತೆ. ಪಾಸ್‌ವರ್ಡ್, ಓಟಿಪಿ ಎಲ್ಲಕ್ಕೂ ಅದು ಬಾಯಿ ಹಾಕಬಹುದು.

ಅಪಾಯಗಳು

1. ರೂಟ್ ಮಾಡಲು ಸಾಮಾನ್ಯವಾಗಿ ಬೂಟ್‌ಲೋಡರ್ ಎಂಬ ಬೀಗ ತೆಗೆಯಬೇಕು. ಆಗ ಬಹುತೇಕ ಫೋನ್‌ಗಳಲ್ಲಿ ಫೋಟೊ, ಟಿಪ್ಪಣಿ ಎಲ್ಲವೂ ಅಳಿಸಿಹೋಗುತ್ತವೆ.
2. ಬೇರೆ ಮಾಡೆಲ್‌ನ ಫೈಲ್ ಹಾಕಿದರೆ, ನಡುವೆ ಕೇಬಲ್ ಕಳಚಿದರೆ ಫೋನ್ ಮತ್ತೆ ಆನ್ ಆಗದಿರಬಹುದು.
3. ಅನೇಕ ಬ್ಯಾಂಕ್ ಆಪ್‌ಗಳು ರೂಟ್ ಆದ ಫೋನನ್ನು ಗುರುತಿಸಿ ಕೆಲಸ ನಿಲ್ಲಿಸುತ್ತವೆ.
4. ಕಂಪನಿ ಕಳಿಸುವ ಸುರಕ್ಷತಾ ಅಪ್‌ಡೇಟ್‌ಗಳು ಬಾರದೇ ಹೋಗಬಹುದು.
5. ‘ಒಂದೇ ಬಟನ್ನಿಗೆ ರೂಟ್’ ಎನ್ನುವ ಆಪ್‌ಗಳಲ್ಲೇ ವೈರಸ್ ಅಡಗಿರಬಹುದು.

ಬದಲಿಗೆ ಏನು ಮಾಡಬೇಕು?

ವಾಟ್ಸಾಪ್‌ನಲ್ಲಿ ತುಂಬಿಕೊಂಡ ವಿಡಿಯೊ, ಶುಭೋದಯದ ಚಿತ್ರಗಳನ್ನು ಅಳಿಸಿ. ಬಳಸದ ಆಪ್ ತೆಗೆಯಿರಿ; ತೆಗೆಯಲು ಬಾರದಿದ್ದರೆ ಸೆಟ್ಟಿಂಗ್ಸ್‌ನಲ್ಲಿ ‘ಡಿಸೇಬಲ್’ ಮಾಡಿ. ಇಷ್ಟಾದರೂ ಚುರುಕಾಗದಿದ್ದರೆ ಬೇಕಾದ್ದನ್ನೆಲ್ಲ ಬೇರೆಡೆ ಉಳಿಸಿಕೊಂಡು, ಗೂಗಲ್ ಪಾಸ್‌ವರ್ಡ್ ನೆನಪಿದೆಯೇ ನೋಡಿಕೊಂಡು, ಫ್ಯಾಕ್ಟರಿ ರೀಸೆಟ್ ಮಾಡಿಸಿ.

ಮಕ್ಕಳಿಗೆ ರೂಟ್ ಮಾಡಿ ಕಲಿಯುವ ಆಸೆಯಿದ್ದರೆ ಬೈಯಬೇಡಿ. ಸಿಮ್, ಬ್ಯಾಂಕ್ ಖಾತೆ ಯಾವುದೂ ಇಲ್ಲದ, ಮೂಲೆಗೆ ಬಿದ್ದ ಫೋನ್ ಕೊಡಿ. ಬಟವಾಡೆ ಹಣ ನೋಡುವ ಫೋನನ್ನು ಮಾತ್ರ ಮುಟ್ಟಿಸಬೇಡಿ. ಈಗಾಗಲೇ ರೂಟ್ ಆಗಿದ್ದರೆ ಅದರಲ್ಲಿ ಹಣದ ವ್ಯವಹಾರ ನಿಲ್ಲಿಸಿ, ಕಂಪನಿಯ ಸರ್ವಿಸ್ ಸೆಂಟರ್‌ನಲ್ಲಿ ಮೂಲ ಸಾಫ್ಟ್‌ವೇರ್ ಹಾಕಿಕೊಡುವರೇ ಎಂದು ವಿಚಾರಿಸಿ. ಖಾತೆಯಿಂದ ಹಣ ಹೋದರೆ ತಡಮಾಡದೆ 1930ಕ್ಕೆ ಕರೆ ಮಾಡಿ, ಬ್ಯಾಂಕಿಗೂ ತಿಳಿಸಿ.

ಅಂದಹಾಗೆ, ಆ ಹಸುವಿನ ಗರ್ಭಧಾರಣೆ ದಿನಾಂಕ ಕೊನೆಗೆ ಸಂಘದ ರಿಜಿಸ್ಟರಿನಲ್ಲಿ ಸಿಕ್ಕಿತು. ಕರು ಹಾಕುವ ಎರಡು ತಿಂಗಳ ಮೊದಲು ಹಾಲು ಬತ್ತಿಸಲು ಆ ದಿನಾಂಕ ಬೇಕೇ ಬೇಕು. ಫೋನಿನಲ್ಲಿ ಬರೆದದ್ದನ್ನು ಕೊಟ್ಟಿಗೆಯ ಕ್ಯಾಲೆಂಡರಿನಲ್ಲೂ ಬರೆದಿಡಿ.

– ಪಶುವೈದ್ಯಾಧಿಕಾರಿ