ನಿಮಗಿದು ಗೊತ್ತೇ? ಯಲಬುರ್ಗಾ ಕೋರ್ಟಿನಿಂದ ಹೈಕೋರ್ಟಿನ ತನಕ

ಬೇವೂರಿನ ಹೊಲದ ಬದುವಿನ ಜಗಳ ಕೋರ್ಟಿನ ಮೆಟ್ಟಿಲು ಹತ್ತಿದರೆ ಮೊದಲು ಸಿಗುವವರು ಯಲಬುರ್ಗಾದ ಜಡ್ಜ್ ಸಾಹೇಬರು. ಅವರು ಆ ಕುರ್ಚಿಗೆ ಹೇಗೆ ಬಂದರು? ಏನೇನು ಮಾಡಬಲ್ಲರು? ಅಲ್ಲಿಂದ ಮುಂದೆ ಎಲ್ಲಿಯ ತನಕ ಹೋಗಬಲ್ಲರು? ವಕೀಲರ ಕೋಣೆಯ ಹೊರಗೆ ತಾರೀಖಿಗಾಗಿ ಕಾಯುತ್ತ ಕೂತವರು ಓದಿಕೊಳ್ಳಲಿ ಎಂದು ಇಷ್ಟು ಸಂಗತಿ.

ಊರಿನಿಂದ ಕೋರ್ಟಿಗೆ

● ಬೇವೂರು ಠಾಣೆಯವರು ಯಾರನ್ನಾದರೂ ಬಂಧಿಸಿದರೆ, ದಾರಿಯ ಹೊತ್ತನ್ನು ಬಿಟ್ಟು 24 ಗಂಟೆಯೊಳಗೆ ಹತ್ತಿರದ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಲೇಬೇಕು. ಇದು ಸಂವಿಧಾನದ 22ನೇ ವಿಧಿ. ರವಿವಾರ, ಹಬ್ಬ ಎಂಬ ನೆವ ನಡೆಯುವುದಿಲ್ಲ. ಕೋರ್ಟಿಗೆ ರಜೆಯಿದ್ದರೆ ಆರೋಪಿಯನ್ನು ಸಾಹೇಬರ ಮನೆಗೇ ಕರೆದೊಯ್ಯುತ್ತಾರೆ.

● ಮುಂಜಾನೆ ಆಸ್ತಿ ಪಾಲಿನ ದಾವೆ ಕೇಳಿದವರೇ ಮಧ್ಯಾಹ್ನ ಹೊಡೆದಾಟದ ಕೇಸನ್ನೂ ಕೇಳಬಹುದು. ತಾಲ್ಲೂಕು ಕೋರ್ಟಿನ ಬೋರ್ಡಿನ ಮೇಲೆ ‘ಸಿವಿಲ್ ನ್ಯಾಯಾಧೀಶರು ಮತ್ತು ಜೆ.ಎಂ.ಎಫ್.ಸಿ.’ (ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರು) ಎಂದು ಎರಡೂ ಹುದ್ದೆಗಳ ಹೆಸರಿರುತ್ತದೆ. ಕೂರುವವರು ಒಬ್ಬರೇ.

● ತಹಶೀಲ್ದಾರರೂ ಮ್ಯಾಜಿಸ್ಟ್ರೇಟರೇ! ಆದರೆ ಅವರದು ಆಡಳಿತದ ಕಡೆಯ ಅಧಿಕಾರ. ಶಾಂತಿ ಕದಡುವುದಿಲ್ಲವೆಂದು ಮುಚ್ಚಳಿಕೆ ಬರೆಸಿಕೊಳ್ಳಬಲ್ಲರು. ಕಳ್ಳತನದ ಕೇಸು ವಿಚಾರಿಸಿ ಶಿಕ್ಷೆ ಕೊಡಲು ಬರುವುದಿಲ್ಲ.

● ಅಮೆರಿಕದಲ್ಲಿ ರಾಜ್ಯದ ಕೋರ್ಟುಗಳು ಬೇರೆ, ಕೇಂದ್ರದ ವಿಚಾರಣಾ ಕೋರ್ಟುಗಳು ಬೇರೆ. ಕೇಂದ್ರದವು 94 ಇವೆ. ನಮ್ಮಲ್ಲಿ ಸಾಲು ಒಂದೇ. ದಿಲ್ಲಿಯ ಸಂಸತ್ತು ಮಾಡಿದ ಕಾನೂನಾಗಲಿ, ಬೆಂಗಳೂರಿನ ವಿಧಾನಸಭೆ ಮಾಡಿದ ಕಾನೂನಾಗಲಿ, ಎರಡಕ್ಕೂ ಯಲಬುರ್ಗಾದ್ದೇ ಕೋರ್ಟು.

● 1948ರ ತನಕ ಈ ಸೀಮೆ ನಿಜಾಮರ ಹೈದರಾಬಾದಿಗೆ ಸೇರಿತ್ತು. ಕೊಪ್ಪಳ ಸಾಲಾರ್ ಜಂಗ್ ಮನೆತನದ ಜಹಗೀರು. ಕೋರ್ಟಿನ ಬರವಣಿಗೆ ನಡೆಯುತ್ತಿದ್ದುದು ಉರ್ದುವಿನಲ್ಲಿ. 1956ರಲ್ಲಿ ಕನ್ನಡ ರಾಜ್ಯಕ್ಕೆ ಸೇರಿದ ಮೇಲೂ 1997ರ ತನಕ ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ನಾಲ್ಕೂ ತಾಲ್ಲೂಕುಗಳು ರಾಯಚೂರು ಜಿಲ್ಲೆಯಲ್ಲೇ ಇದ್ದವು.

ಕುರ್ಚಿ ಸಿಗುವ ದಾರಿ

● ಸಿವಿಲ್ ನ್ಯಾಯಾಧೀಶರ ಪರೀಕ್ಷೆ ನಡೆಸುವುದು ಹೈಕೋರ್ಟು. ಪೂರ್ವಭಾವಿ, ಮುಖ್ಯ, ಸಂದರ್ಶನ ಹೀಗೆ ಮೂರು ಹಂತ ದಾಟಿದವರಿಗೆ ರಾಜ್ಯಪಾಲರ ಹೆಸರಿನಲ್ಲಿ ನೇಮಕ.

● ಮುಖ್ಯ ಪರೀಕ್ಷೆಯಲ್ಲಿ ಒಂದು ಪತ್ರಿಕೆ ಪೂರ್ತಿ ಅನುವಾದಕ್ಕೇ ಮೀಸಲು. ಸಾಕ್ಷಿ ಹೇಳಿಕೆ, ತೀರ್ಪು, ದಸ್ತಾವೇಜುಗಳನ್ನು ಕನ್ನಡದಿಂದ ಇಂಗ್ಲಿಷಿಗೂ ಇಂಗ್ಲಿಷಿನಿಂದ ಕನ್ನಡಕ್ಕೂ ತರಬೇಕು. ಇದರ ಉಪಯೋಗ ಮುಂದೆ ತಿಳಿಯುತ್ತದೆ: ಸಾಕ್ಷಿದಾರ ಮಾತಾಡುವುದು ಕನ್ನಡ, ಮೇಲ್ಮನವಿ ಹೋಗಿ ತಲುಪುವ ಹೈಕೋರ್ಟಿನ ವ್ಯವಹಾರ ಇಂಗ್ಲಿಷು. ಆ ಹೈಕೋರ್ಟೇ 2024ರ ಡಿಸೆಂಬರ್ 12ರಂದು ಕನ್ನಡದಲ್ಲಿ ತೀರ್ಪು ಕೊಟ್ಟು ಸುದ್ದಿಯಾಯಿತು. ಪೀಠದಲ್ಲಿದ್ದವರು ನ್ಯಾಯಮೂರ್ತಿಗಳಾದ ಕೃಷ್ಣ ಎಸ್. ದೀಕ್ಷಿತ್ ಮತ್ತು ಸಿ.ಎಂ. ಜೋಶಿ.

● 2002ರಿಂದ ಕಾನೂನು ಪದವಿ ಮುಗಿಸಿದ ಹುಡುಗ ಹುಡುಗಿಯರು ವಕೀಲಿ ಮಾಡದೆಯೂ ಜಡ್ಜ್ ಆಗಬಹುದಿತ್ತು. 2025ರ ಮೇ 20ರಂದು ಸುಪ್ರೀಂ ಕೋರ್ಟು ಹಳೆಯ ನಿಯಮವನ್ನು ಮತ್ತೆ ತಂದಿತು. ಇನ್ನು ಮುಂದಿನ ನೇಮಕಾತಿಗೆ ಕನಿಷ್ಠ ಮೂರು ವರ್ಷ ವಕೀಲಿ ಮಾಡಿರಬೇಕು. ನ್ಯಾಯಮೂರ್ತಿಗಳ ಕೈಕೆಳಗೆ ಕಾನೂನು ಗುಮಾಸ್ತರಾಗಿ ದುಡಿದ ಕಾಲವೂ ಲೆಕ್ಕಕ್ಕೆ ಬರುತ್ತದೆ.

● ಅಮೆರಿಕದ ಕೇಂದ್ರ ಕೋರ್ಟಿನ ಜಡ್ಜ್‌ಗೆ ಪರೀಕ್ಷೆಯೂ ಇಲ್ಲ, ನಿವೃತ್ತಿ ವಯಸ್ಸೂ ಇಲ್ಲ. ಅಧ್ಯಕ್ಷರು ಹೆಸರಿಸಿ ಸೆನೆಟ್ ಒಪ್ಪಿದರೆ ಜೀವನಪೂರ್ತಿ ಹುದ್ದೆ. ಕಾನೂನು ಪದವಿ ಇರಬೇಕೆಂದೂ ಅಲ್ಲಿನ ಸಂವಿಧಾನ ಹೇಳುವುದಿಲ್ಲ.

● ಹೊಸ ಸಿವಿಲ್ ನ್ಯಾಯಾಧೀಶರ ಮೂಲ ವೇತನ ಈಗ 77,840 ರೂಪಾಯಿಯಿಂದ ಶುರು. ಕೆಳ ಕೋರ್ಟಿನವರ ಸಂಬಳಕ್ಕೆಂದೇ ದೇಶದಲ್ಲಿ ಮೊದಲ ರಾಷ್ಟ್ರೀಯ ಆಯೋಗ ನೇಮಕವಾದದ್ದು 1996ರಲ್ಲಿ. ಅದರ ಅಧ್ಯಕ್ಷರು ನಮ್ಮ ಹೈಕೋರ್ಟಿನಲ್ಲಿದ್ದು ಸುಪ್ರೀಂ ಕೋರ್ಟಿಗೆ ಹೋದ ನ್ಯಾಯಮೂರ್ತಿ ಕೆ. ಜಗನ್ನಾಥ ಶೆಟ್ಟಿ.

ಕುರ್ಚಿಯ ಬಲ

● ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರು ಹೆಚ್ಚೆಂದರೆ ಮೂರು ವರ್ಷ ಜೈಲು ವಿಧಿಸಬಹುದು. ಮುಖ್ಯ ನ್ಯಾಯಿಕ ಮ್ಯಾಜಿಸ್ಟ್ರೇಟರು ಏಳು ವರ್ಷದ ತನಕ. ಸೆಷನ್ಸ್ ನ್ಯಾಯಾಧೀಶರು ಗಲ್ಲು ಶಿಕ್ಷೆಯನ್ನೂ ವಿಧಿಸಬಲ್ಲರು, ಆದರೆ ಹೈಕೋರ್ಟು ಖಾಯಂ ಮಾಡುವ ತನಕ ಅದು ಜಾರಿಯಾಗದು.

● 2024ರ ಜುಲೈ 1ರಂದು ಜಾರಿಗೆ ಬಂದ ಹೊಸ ಕಾನೂನು ಮ್ಯಾಜಿಸ್ಟ್ರೇಟರ ಕೈಗೆ ಹೊಸದೊಂದು ಶಿಕ್ಷೆ ಕೊಟ್ಟಿದೆ: ಸಮುದಾಯ ಸೇವೆ. ಕೆಲವು ಸಣ್ಣ ಅಪರಾಧಗಳಿಗೆ ಜೈಲಿನ ಬದಲು ಊರಿಗೆ ಉಪಯೋಗವಾಗುವ ಕೆಲಸ ಮಾಡಿಸಬಹುದು, ಕೂಲಿ ಇಲ್ಲದೆ.

● ಒಂದೇ ತೀರ್ಪಿನಲ್ಲಿ 98 ಜನರಿಗೆ ಜೀವಾವಧಿ! ಇದು ನಡೆದದ್ದು ಕೊಪ್ಪಳದ ಜಿಲ್ಲಾ ಮತ್ತು ಸೆಷನ್ಸ್ ಕೋರ್ಟಿನಲ್ಲಿ, 2024ರ ಅಕ್ಟೋಬರ್ 24ರಂದು. ಗಂಗಾವತಿ ತಾಲ್ಲೂಕಿನ ಮರಕುಂಬಿಯಲ್ಲಿ 2014ರ ಆಗಸ್ಟ್‌ನಲ್ಲಿ ದಲಿತರ ಮೇಲೆ ನಡೆದ ದೌರ್ಜನ್ಯದ ಕೇಸಿದು. ಇನ್ನೂ ಮೂವರಿಗೆ ಐದು ವರ್ಷ ಶಿಕ್ಷೆಯಾಯಿತು. ವಿಚಾರಣೆ ಮುಗಿಯಲು ಹತ್ತು ವರ್ಷ ಹಿಡಿದಿತ್ತು. ಬಳಿಕ ಮೇಲ್ಮನವಿ ಹೈಕೋರ್ಟಿನ ಧಾರವಾಡ ಪೀಠ ಮುಟ್ಟಿತು.

● ಸಿನಿಮಾದ ಜಡ್ಜ್ ಕಟ್ಟಿಗೆಯ ಸುತ್ತಿಗೆ ಬಡಿದು ‘ಆರ್ಡರ್, ಆರ್ಡರ್’ ಎನ್ನುತ್ತಾರೆ. ನಮ್ಮ ಕೋರ್ಟುಗಳಲ್ಲಿ ಸುತ್ತಿಗೆಯೇ ಇಲ್ಲ. ಗಲ್ಲು ಶಿಕ್ಷೆ ಬರೆದು ಪೆನ್ನಿನ ನಿಬ್ಬು ಮುರಿಯಬೇಕೆಂದು ಯಾವ ಕಾನೂನಿನಲ್ಲೂ ಬರೆದಿಲ್ಲ, ಅದು ಬರೀ ರೂಢಿ. ಭಗವದ್ಗೀತೆಯ ಮೇಲೆ ಕೈಯಿಡಿಸುವುದೂ 1969ರ ಪ್ರಮಾಣ ಕಾಯ್ದೆಯಲ್ಲಿಲ್ಲ. ದೇವರ ಹೆಸರಿನಲ್ಲಾದರೂ ಸರಿ, ಆತ್ಮಸಾಕ್ಷಿಯಾಗಿಯಾದರೂ ಸರಿ.

● ಜಡ್ಜ್ ಸಾಹೇಬರ ವರ್ಗಾವಣೆ, ಬಡ್ತಿ, ರಜೆ ಯಾವುದೂ ಶಾಸಕರ, ಮಂತ್ರಿಗಳ ಕೈಯಲ್ಲಿಲ್ಲ. ಸಂವಿಧಾನದ 235ನೇ ವಿಧಿ ಅದನ್ನೆಲ್ಲ ಹೈಕೋರ್ಟಿಗೆ ಒಪ್ಪಿಸಿದೆ.

ಮೇಲಿನ ಮೆಟ್ಟಿಲುಗಳು

● ಸಿವಿಲ್ ನ್ಯಾಯಾಧೀಶರು, ಹಿರಿಯ ಸಿವಿಲ್ ನ್ಯಾಯಾಧೀಶರು, ಜಿಲ್ಲಾ ನ್ಯಾಯಾಧೀಶರು: ಮೆಟ್ಟಿಲು ಮೂರೇ. ಜಿಲ್ಲಾ ನ್ಯಾಯಾಧೀಶರ ಹುದ್ದೆಗಳಲ್ಲಿ ಶೇ 50 ಬಡ್ತಿಗೆ, ಶೇ 25 ಕೆಳಗಿನವರಿಗಾಗಿಯೇ ನಡೆಸುವ ಪರೀಕ್ಷೆಗೆ, ಉಳಿದ ಶೇ 25 ನೇರ ನೇಮಕಕ್ಕೆ.

● ಆ ನೇರ ನೇಮಕಕ್ಕೆ ಬೇಕಾದದ್ದು ಏಳು ವರ್ಷದ ವಕೀಲಿ. ಮೊದಲೇ ಸಿವಿಲ್ ನ್ಯಾಯಾಧೀಶರಾದವರಿಗೆ ಈ ಬಾಗಿಲು ಬಹುಕಾಲ ಮುಚ್ಚಿತ್ತು. 2025ರ ಅಕ್ಟೋಬರ್ 9ರಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಅದನ್ನು ತೆರೆಯಿತು. ವಕೀಲಿ ಮತ್ತು ನ್ಯಾಯಾಧೀಶಗಿರಿ ಕೂಡಿ ಏಳು ವರ್ಷ ಆಗಿದ್ದರೆ ಸಾಕು, ವಯಸ್ಸು ಮಾತ್ರ 35 ತುಂಬಿರಬೇಕು.

● ವಕೀಲಿಯಿಂದ ನೇರ ನೇಮಕದ ದಾರಿಯಲ್ಲಿ ಬಂದವರಿಗೆ ಪಕ್ಕದ ಬಳ್ಳಾರಿಯಲ್ಲೇ ದೊಡ್ಡ ಉದಾಹರಣೆ ಇದೆ. ಅಲ್ಲಿ ವಕೀಲರಾಗಿದ್ದ ಮಂಜುಳಾ ಚೆಲ್ಲೂರ್ 1988ರಲ್ಲಿ ಜಿಲ್ಲಾ ನ್ಯಾಯಾಧೀಶರಾದರು, 2000ದಲ್ಲಿ ಹೈಕೋರ್ಟಿಗೆ ಏರಿದರು. ಮುಂದೆ ಕೇರಳ, ಕಲ್ಕತ್ತ, ಬಾಂಬೆ ಮೂರು ಹೈಕೋರ್ಟುಗಳಿಗೆ ಮುಖ್ಯ ನ್ಯಾಯಮೂರ್ತಿ.

● ಜಯಲಲಿತಾ ಅವರಿಗೆ ನಾಲ್ಕು ವರ್ಷ ಜೈಲು, 100 ಕೋಟಿ ರೂಪಾಯಿ ದಂಡ ವಿಧಿಸಿದವರು ವಿಚಾರಣಾ ಕೋರ್ಟಿನ ಜಡ್ಜ್: ಜಾನ್ ಮೈಕೆಲ್ ಕುನ್ಹಾ. ಬೆಂಗಳೂರಿನ ವಿಶೇಷ ಕೋರ್ಟಿನಲ್ಲಿ 2014ರ ಸೆಪ್ಟೆಂಬರ್ 27ರಂದು ಬಂದ ಆ ತೀರ್ಪನ್ನು 2015ರಲ್ಲಿ ಹೈಕೋರ್ಟು ತಳ್ಳಿಹಾಕಿತು, 2017ರಲ್ಲಿ ಸುಪ್ರೀಂ ಕೋರ್ಟು ಮತ್ತೆ ಎತ್ತಿಹಿಡಿಯಿತು. ಅಷ್ಟೊತ್ತಿಗೆ ಕುನ್ಹಾ ತಾವೇ ಹೈಕೋರ್ಟಿನ ನ್ಯಾಯಮೂರ್ತಿಯಾಗಿದ್ದರು.

● ಕೊಪ್ಪಳ ಜಿಲ್ಲೆ ಕಂದಾಯದ ಲೆಕ್ಕದಲ್ಲಿ ಕಲಬುರಗಿ ವಿಭಾಗ. ಹೈಕೋರ್ಟಿನ ಲೆಕ್ಕದಲ್ಲಿ ಮಾತ್ರ ಧಾರವಾಡ ಪೀಠ. ಎರಡೂ ಊರಿನ ಪೀಠಗಳು 2008ರ ಜುಲೈನಲ್ಲಿ ಸಂಚಾರಿಯಾಗಿ ಶುರುವಾಗಿ 2013ರಲ್ಲಿ ಖಾಯಂ ಆದವು. ಅದಕ್ಕೂ ಮೊದಲು ಬೇವೂರಿನವರ ಮೇಲ್ಮನವಿಗೆ ಬೆಂಗಳೂರೇ ಗತಿ.

● ಕರ್ನಾಟಕ ಹೈಕೋರ್ಟಿಗೆ ಮಂಜೂರಾದ ನ್ಯಾಯಮೂರ್ತಿ ಹುದ್ದೆ 62. ಅಲ್ಲಿ ನಿವೃತ್ತಿ ವಯಸ್ಸೂ 62! ಈ ಹುದ್ದೆಗಳಲ್ಲಿ ಮೂರರಲ್ಲಿ ಎರಡು ಪಾಲು ವಕೀಲರಿಗೆ, ಒಂದು ಪಾಲು ಜಿಲ್ಲಾ ನ್ಯಾಯಾಧೀಶರಿಗೆ ಎಂಬುದು ರೂಢಿ.

● ಜಿಲ್ಲಾ ನ್ಯಾಯಾಧೀಶರಿಗೆ 60, ಹೈಕೋರ್ಟಿಗೆ 62, ಸುಪ್ರೀಂ ಕೋರ್ಟಿಗೆ 65. ಮೇಲೇರುವವರ ಎದುರಾಳಿ ಈ ಲೆಕ್ಕವೇ. ತಾಲ್ಲೂಕು ಕೋರ್ಟಿನಿಂದ ಶುರುಮಾಡಿದವರು ಹೈಕೋರ್ಟಿನ ಬಾಗಿಲಿಗೆ ಬರುವಷ್ಟರಲ್ಲಿ ಬಹುಪಾಲು ವರ್ಷಗಳು ಕಳೆದಿರುತ್ತವೆ.

● ಆ ಲೆಕ್ಕವನ್ನೂ ಮೀರಿದವರಿದ್ದಾರೆ. ಕೇರಳದ ಎಂ. ಫಾತಿಮಾ ಬೀವಿ 1958ರಲ್ಲಿ ಮುನ್ಸೀಫ್ ಆಗಿ ಕೆಳಗಿನ ಮೆಟ್ಟಿಲಲ್ಲೇ ಶುರುಮಾಡಿದರು. 1989ರ ಏಪ್ರಿಲ್‌ನಲ್ಲಿ 62 ತುಂಬಿ ಹೈಕೋರ್ಟಿನಿಂದ ನಿವೃತ್ತರಾದರು. ಅದೇ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟಿನ ಮೊದಲ ಮಹಿಳಾ ನ್ಯಾಯಮೂರ್ತಿಯಾದರು.

● ನಿವೃತ್ತಿಯ ಮೇಲೆ ಜಿಲ್ಲೆಯ ಜಡ್ಜ್ ಮತ್ತೆ ಕರಿ ಕೋಟು ತೊಟ್ಟು ವಕೀಲಿ ಮಾಡಬಹುದೇ? ಮಾಡಬಹುದು. ಆದರೆ ನಿವೃತ್ತಿಗೆ ಮುಂಚಿನ ಮೂರು ವರ್ಷ ಎಲ್ಲಿ ಅಧಿಕಾರ ನಡೆಸಿದ್ದರೋ ಆ ಸೀಮೆಯಲ್ಲಿ ಎರಡು ವರ್ಷ ವಾದಿಸುವಂತಿಲ್ಲ. ವಕೀಲರ ಪರಿಷತ್ತಿನ ನಿಯಮ ಅಷ್ಟು ಬಿಗಿ. ನಿನ್ನೆಯ ತನಕ ‘ಸಾಹೇಬ್ರ’ ಎನ್ನುತ್ತಿದ್ದ ಗುಮಾಸ್ತರಿಂದಲೇ ಇಂದು ತಾರೀಖು ಕೇಳಿ ಪಡೆಯುವ ಮುಜುಗರ ಇಬ್ಬರಿಗೂ ತಪ್ಪಲಿ!